ಏನು ತಿನ್ನಬೇಕು ಗೊತ್ತು, ಎಷ್ಟು ಎಂಬುದು ಗೊತ್ತಿಲ್ಲ: ಮುಂಬೈ ಕನ್ನಡಿಗರು ಊಟದ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಮಾಟುಂಗಾ, ಚೆಂಬೂರು, ಠಾಣೆ, ಡೊಂಬಿವಲಿ, ವಾಶಿ ಕಡೆಯ ಕನ್ನಡಿಗರು ಮಾತಿನಲ್ಲೂ ಪತ್ರದಲ್ಲೂ ಮತ್ತೆ ಮತ್ತೆ ಕೇಳುವ ಪ್ರಶ್ನೆಗಳನ್ನು ಅವರದೇ ಮಾತಿನಲ್ಲಿ ಇಟ್ಟು ಉತ್ತರ ಬರೆದಿದ್ದೇವೆ. ಸೊಪ್ಪು ಒಳ್ಳೆಯದು, ಕರಿದದ್ದು ಕೆಟ್ಟದ್ದು ಎಂಬುದು ಎಲ್ಲರಿಗೂ ಗೊತ್ತಿದೆ. ಸೊಪ್ಪು ಎಷ್ಟು, ಎಣ್ಣೆ ಎಷ್ಟು ಎಂದು ಕೇಳಿದರೆ ಮಾತ್ರ ಮಾತು ನಿಂತುಹೋಗುತ್ತದೆ. ಹಾಗಾಗಿ ಇಲ್ಲಿ ಅಳತೆಗೇ ಹೆಚ್ಚು ಜಾಗ. ಸಕ್ಕರೆಕಾಯಿಲೆ, ಮೂತ್ರಪಿಂಡದ ತೊಂದರೆ ಇರುವವರು, ಗರ್ಭಿಣಿಯರು ಈ ಅಳತೆಗಳನ್ನು ತಮ್ಮ ವೈದ್ಯರಿಗೆ ತೋರಿಸಿಯೇ ಪಾಲಿಸಬೇಕು.

## ಮನೆಯ ಅಡುಗೆ

ನಾವು ಮನೆಯ ಊಟವನ್ನೇ ಮಾಡುವವರು. ಅದರಲ್ಲಿ ಸರಿಮಾಡಲು ಏನಿದೆ?

ಮನೆಯ ಊಟ ಎಂದರೆ ಶುಚಿ, ತಾಜಾ. ಅದು ನಿಜ. ಆದರೆ ಮನೆಯ ಊಟವೆಲ್ಲ ಸಮತೋಲದ ಊಟವಲ್ಲ. ತಟ್ಟೆಯ ಮುಕ್ಕಾಲು ಪಾಲು ಅನ್ನ, ಮೇಲೆ ತಿಳಿಸಾರು, ಬದಿಯಲ್ಲಿ ಒಂದು ಚಮಚ ಪಲ್ಯ, ಹಪ್ಪಳ, ಉಪ್ಪಿನಕಾಯಿ ಇದ್ದರೆ ಅದೂ ಮನೆಯ ಊಟವೇ.

ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆ 2024ರಲ್ಲಿ ಹೊರತಂದ ಆಹಾರ ಮಾರ್ಗಸೂಚಿಯಲ್ಲಿ ದಿನಕ್ಕೆ 2000 ಕಿಲೋಕ್ಯಾಲರಿ ಬೇಕಾದವರ ತಟ್ಟೆಯ ಲೆಕ್ಕವಿದೆ. ಅಕ್ಕಿ, ಗೋಧಿ, ಜೋಳ, ರಾಗಿ ಎಲ್ಲ ಸೇರಿ 250 ಗ್ರಾಂ. ಬೇಳೆಕಾಳು, ಅಥವಾ ಅದರ ಬದಲಿಗೆ ಮೊಟ್ಟೆ, ಮೀನು, ಮಾಂಸ 85 ಗ್ರಾಂ. ಸೊಪ್ಪು ಸೇರಿ ತರಕಾರಿ 400 ಗ್ರಾಂ. ಹಣ್ಣು 100 ಗ್ರಾಂ. ಹಾಲು, ಮೊಸರು 300 ಮಿಲಿ. ಶೇಂಗಾ, ಎಳ್ಳಿನಂಥವು 35 ಗ್ರಾಂ. ಎಣ್ಣೆ, ತುಪ್ಪ 27 ಗ್ರಾಂ. ಇವೆಲ್ಲ ಬೇಯಿಸುವ ಮೊದಲಿನ ತೂಕ.

ದಿನವೂ ತಕ್ಕಡಿ ಹಿಡಿದು ಕೂರಬೇಕಿಲ್ಲ. ತಿಂಗಳ ಕಿರಾಣಿ ಚೀಟಿ ತೆಗೆದು ನೋಡಿದರೆ ಸಾಕು. ನಾಲ್ಕು ಜನ ದೊಡ್ಡವರಿರುವ ಸಸ್ಯಾಹಾರಿ ಮನೆಗೆ ಈ ಲೆಕ್ಕದಲ್ಲಿ ಅಕ್ಕಿ ಮತ್ತು ಹಿಟ್ಟು ಸೇರಿ 30 ಕಿಲೋ, ಬೇಳೆಕಾಳು ಸುಮಾರು 10 ಕಿಲೋ ಆಗಬೇಕು. ಮೀನು, ಮೊಟ್ಟೆ ತಿನ್ನುವ ಮನೆಯಲ್ಲಿ ಬೇಳೆ ಅಷ್ಟರಮಟ್ಟಿಗೆ ಕಡಿಮೆ ಇರಬಹುದು. ಬೇಳೆಕಾಳು ಮೂರು ಕಿಲೋದಲ್ಲೇ ಮುಗಿದು ಅಕ್ಕಿ ಮಾತ್ರ ಲೆಕ್ಕ ಮೀರಿದ್ದರೆ ಎಲ್ಲಿ ತಪ್ಪುತ್ತಿದೆ ಎಂದು ಚೀಟಿಯೇ ಹೇಳುತ್ತದೆ. ತರಕಾರಿಯದ್ದೂ ಹಾಗೆಯೇ. ನಾಲ್ವರಿಗೆ ದಿನಕ್ಕೆ ಒಂದೂವರೆ ಕಿಲೋಗಿಂತ ಹೆಚ್ಚು ಬೇಕು. ಕಾಲು ಕಿಲೋ ಬೆಂಡೆಕಾಯಿ ತಂದು ನಾಲ್ಕು ಜನಕ್ಕೆ ಪಲ್ಯ ಮಾಡಿದರೆ ಅದು ಒಬ್ಬರ ಪಾಲೂ ಆಗುವುದಿಲ್ಲ.

ಅನ್ನ ತಿಂದರೆ ದಪ್ಪ ಆಗ್ತಾರೆ, ಚಪಾತಿ ತಿಂದರೆ ಇಲ್ಲ ಅಂತಾರಲ್ಲ, ಹೌದಾ?

ಇಲ್ಲ. ಬೇಯಿಸಿದ ಅನ್ನ 100 ಗ್ರಾಂಗೆ ಸುಮಾರು 130 ಕಿಲೋಕ್ಯಾಲರಿ. 30 ಗ್ರಾಂ ಹಿಟ್ಟಿನ ಒಣ ಚಪಾತಿಗೆ ಸುಮಾರು 100. ಅದಕ್ಕೆ ಒಂದು ಟೀ ಚಮಚ ಎಣ್ಣೆ ಸವರಿದರೆ ಇನ್ನೊಂದು 40 ಸೇರುತ್ತದೆ. ಎಣ್ಣೆ ಹಚ್ಚಿದ ಮೂರು ಚಪಾತಿ, ಮೂರು ಸೌಟು ಅನ್ನ ಇಟ್ಟರೆ ಗೆಲ್ಲುವವರು ಯಾರೂ ಇಲ್ಲ.

ಗೋಧಿಯಲ್ಲಿ ನಾರು, ಪ್ರೋಟೀನು ಸ್ವಲ್ಪ ಹೆಚ್ಚು, ಅದು ಒಪ್ಪತಕ್ಕದ್ದೇ. ಅನ್ನದ ನಿಜವಾದ ತೊಂದರೆ ಬೇರೆ. ಚಪಾತಿಯನ್ನು ಎಣಿಸಿ ತಿನ್ನುತ್ತೇವೆ, ಅನ್ನವನ್ನು ಯಾರೂ ಎಣಿಸುವುದಿಲ್ಲ. ಸಾರಿಗೊಮ್ಮೆ, ಹುಳಿಗೊಮ್ಮೆ, ಮಜ್ಜಿಗೆಗೊಮ್ಮೆ ಬಡಿಸಿಕೊಂಡಾಗ ಎಷ್ಟಾಯಿತೆಂದು ತಿಳಿಯುವುದೇ ಇಲ್ಲ. ಒಂದೇ ಬಟ್ಟಲನ್ನು ಅಳತೆಗೆ ಇಟ್ಟುಕೊಂಡು ಇಡೀ ಊಟದ ಅನ್ನವನ್ನು ಮೊದಲೇ ತಟ್ಟೆಗೆ ಹಾಕಿ, ಅದನ್ನೇ ಮೂರು ಪಾಲು ಮಾಡಿಕೊಳ್ಳಿ. ಊರಿನ ಕ್ರಮವೂ ಉಳಿಯುತ್ತದೆ, ಅಳತೆಯೂ ಉಳಿಯುತ್ತದೆ.

ಊರಿಂದ ತರಿಸುವ ಕುಚ್ಚಲಕ್ಕಿ ನಿಜವಾಗಿಯೂ ಬೇರೆಯಾ?

ಬೇರೆಯೇ. ಭತ್ತವನ್ನು ಸಿಪ್ಪೆ ಸಹಿತ ನೆನೆಸಿ ಬೇಯಿಸುವಾಗ ಹೊರಪದರದ ಬಿ ಜೀವಸತ್ವಗಳಲ್ಲಿ ಒಂದಷ್ಟು ಕಾಳಿನ ಒಳಗೆ ಇಳಿಯುತ್ತವೆ. ಆಮೇಲೆ ಗಿರಣಿಗೆ ಹಾಕಿದರೂ ಅವು ಪೂರ್ತಿ ಹೋಗುವುದಿಲ್ಲ. ಕೆಂಪು ತೌಡು ಉಳಿದಿದ್ದರೆ ನಾರೂ ಉಂಟು. ಹಾಗೆಂದು ಪಿಷ್ಟ ಕಡಿಮೆಯಾಗುವುದಿಲ್ಲ. ಕುಚ್ಚಲಕ್ಕಿ ಎಂದು ಎರಡು ಪಾಲು ಉಂಡರೆ ಲಾಭ ಅಲ್ಲಿಗೇ ಮುಗಿಯಿತು.

ಸಕ್ಕರೆ ಬಿಟ್ಟು ಬೆಲ್ಲ ಹಾಕುತ್ತೇವೆ. ಅಷ್ಟು ಸಾಕಲ್ಲ?

ಸಾಲದು. ಬೆಲ್ಲದ ಶಕ್ತಿ ಸಕ್ಕರೆಗಿಂತ ಸ್ವಲ್ಪವೇ ಕಡಿಮೆ, ರಕ್ತದಲ್ಲಿ ಅದು ಸಕ್ಕರೆಯಂತೆಯೇ ಏರುತ್ತದೆ. ಕಬ್ಬಿಣ ಸಿಗುತ್ತದೆ ಎನ್ನುವ ಮಾತಿಗೂ ಅಳತೆ ಹಾಕಿ ನೋಡಿ: 10 ಗ್ರಾಂ ಬೆಲ್ಲದಲ್ಲಿ ಒಂದು ಮಿಲಿಗ್ರಾಂ ಕಬ್ಬಿಣವೂ ಇಲ್ಲ. ಹೆಂಗಸರಿಗೆ ದಿನಕ್ಕೆ ಬೇಕಾದದ್ದು 29 ಮಿಲಿಗ್ರಾಂ.

ಸಕ್ಕರೆ, ಬೆಲ್ಲ, ಜೇನು, ಹಣ್ಣಿನ ರಸದ ಸಿಹಿ ಎಲ್ಲ ಸೇರಿ ದಿನದ ಶಕ್ತಿಯ 10%ಗಿಂತ ಕಡಿಮೆ ಇರಬೇಕು, 5%ಗೆ ಇಳಿದರೆ ಇನ್ನೂ ಒಳ್ಳೆಯದು ಎನ್ನುತ್ತದೆ ವಿಶ್ವ ಆರೋಗ್ಯ ಸಂಸ್ಥೆ. 2000 ಕಿಲೋಕ್ಯಾಲರಿಯ ಊಟದಲ್ಲಿ ಅದು 50 ಗ್ರಾಂ ಮತ್ತು 25 ಗ್ರಾಂ. ಎರಡು ಚಮಚ ಸಿಹಿ ಹಾಕಿದ ಚಾ ದಿನಕ್ಕೆ ನಾಲ್ಕು ಸಲ ಕುಡಿದರೆ ಅದರಿಂದಲೇ 32ರಿಂದ 40 ಗ್ರಾಂ ಆಗುತ್ತದೆ. ಚಾ ಬಿಡಬೇಕಿಲ್ಲ. ವಾರಕ್ಕೆ ಕಾಲು ಚಮಚದಂತೆ ಇಳಿಸುತ್ತ ಬಂದರೆ ಒಂದೂವರೆ ತಿಂಗಳಲ್ಲಿ ಅರ್ಧ ಚಮಚಕ್ಕೆ ಬರುತ್ತೀರಿ, ನಾಲಿಗೆಯೂ ಒಪ್ಪುತ್ತದೆ. ಒಮ್ಮೆಲೇ ಬಿಟ್ಟವರು ಹೆಚ್ಚಾಗಿ ಎರಡನೇ ವಾರದಲ್ಲಿ ಹಳೆಯ ಅಳತೆಗೇ ಮರಳುತ್ತಾರೆ.

ಯಾವ ಎಣ್ಣೆ ಒಳ್ಳೆಯದು? ತೆಂಗಿನೆಣ್ಣೆಯಲ್ಲಿ ಕೊಲೆಸ್ಟ್ರಾಲ್ ಉಂಟಂತೆ?

ಗಿಡಮರದಿಂದ ಬಂದ ಯಾವ ಎಣ್ಣೆಯಲ್ಲೂ ಕೊಲೆಸ್ಟ್ರಾಲ್ ಇರುವುದಿಲ್ಲ. ಡಬ್ಬದ ಮೇಲೆ ‘ಕೊಲೆಸ್ಟ್ರಾಲ್ ಇಲ್ಲ’ ಎಂದು ದೊಡ್ಡದಾಗಿ ಬರೆದದ್ದು ಸುಳ್ಳಲ್ಲ, ಆದರೆ ಪಕ್ಕದ ಡಬ್ಬದಲ್ಲೂ ಅದು ಇಲ್ಲವೆಂಬುದನ್ನು ಹೇಳುವುದಿಲ್ಲ. ತೆಂಗಿನೆಣ್ಣೆಯ ಪ್ರಶ್ನೆ ಸ್ಯಾಚುರೇಟೆಡ್ ಕೊಬ್ಬಿನದು, ಅಂದರೆ ತಂಪಿನಲ್ಲಿ ಹೆಪ್ಪುಗಟ್ಟುವ ಬಗೆಯ ಕೊಬ್ಬಿನದು. ಅದರಲ್ಲಿ ಸುಮಾರು 90% ಅದೇ, ಮತ್ತು ಅದು ನಮ್ಮ ರಕ್ತದ ಕೊಲೆಸ್ಟ್ರಾಲನ್ನು ಏರಿಸಬಲ್ಲದು. ಒಗ್ಗರಣೆಗೆ ಒಂದು ಚಮಚ ಸಾಕು. ಉಳಿದದ್ದಕ್ಕೆ ಶೇಂಗಾ, ಎಳ್ಳು, ಸಾಸಿವೆ, ಅಕ್ಕಿ ತೌಡಿನ ಎಣ್ಣೆಗಳನ್ನು ತಿಂಗಳಿಗೊಂದರಂತೆ ಬದಲಿಸಿ.

ಯಾವುದು ಎಂಬುದಕ್ಕಿಂತ ಎಷ್ಟು ಎಂಬುದೇ ಇಲ್ಲಿ ದೊಡ್ಡದು. ದಿನಕ್ಕೆ 27 ಗ್ರಾಂ ಎಂದರೆ ಸುಮಾರು ಆರು ಟೀ ಚಮಚ. ನಾಲ್ವರ ಮನೆಗೆ ತಿಂಗಳಿಗೆ ತುಪ್ಪ, ಬೆಣ್ಣೆ ಸೇರಿಸಿ ಮೂರೂವರೆ ಲೀಟರು. ಐದು ಲೀಟರಿನ ಕ್ಯಾನು ತಿಂಗಳೊಳಗೆ ಖಾಲಿಯಾಗುತ್ತಿದ್ದರೆ, ಹೊರಗೆ ತಿಂದದ್ದನ್ನು ಬಿಟ್ಟೇ ಅಷ್ಟಾಯಿತು ಎಂದು ತಿಳಿಯಿರಿ. ಕ್ಯಾನಿನ ಮೇಲೆ ತೆರೆದ ತಾರೀಕು ಬರೆದಿಡಿ. ಬಾಣಲೆಗೆ ನೇರ ಸುರಿಯುವ ಬದಲು ಚಮಚದಲ್ಲಿ ಹಾಕಿ.

ಕರಾವಳಿಯವರಿಗೆ ಇನ್ನೊಂದು ಮಾತು. ಅರ್ಧ ಕಾಯಿಯ ತುರಿ, ಅಂದರೆ ಸುಮಾರು 100 ಗ್ರಾಂ, ಅರೆದು ನಾಲ್ವರಿಗೆ ಗಸಿ ಮಾಡಿದರೆ ಒಬ್ಬೊಬ್ಬರಿಗೆ ಸುಮಾರು ಎಂಟು ಗ್ರಾಂ ಕೊಬ್ಬು ಹೋಗುತ್ತದೆ, ಎರಡು ಚಮಚ ಎಣ್ಣೆಗೆ ಹತ್ತಿರ. ಗಸಿಯ ದಿನ ಪಲ್ಯಕ್ಕೆ ಕಾಯಿ ಬೇಡ, ಒಗ್ಗರಣೆಯೂ ಹಗುರ ಇರಲಿ.

ಬಿಪಿಗೆ ಕಲ್ಲುಪ್ಪು, ಸೈಂಧವ ಲವಣ ಒಳ್ಳೆಯದಂತೆ?

ಬಿಪಿ ಏರಿಸುವುದು ಸೋಡಿಯಂ. ಸೈಂಧವದಲ್ಲೂ ಅದು ಹೆಚ್ಚುಕಡಿಮೆ ಪುಡಿಯುಪ್ಪಿನಷ್ಟೇ ಇದೆ. ಜೊತೆಗೆ ಅಯೋಡಿನ್ ಬೆರೆಸಿಲ್ಲದ ಉಪ್ಪಿಗೆ ಬದಲಾದರೆ ಇದ್ದದ್ದನ್ನೂ ಕಳೆದುಕೊಳ್ಳುತ್ತೀರಿ. ‘ಕಡಿಮೆ ಸೋಡಿಯಂ’ ಉಪ್ಪಿನಲ್ಲಿ ಸೋಡಿಯಂ ಬದಲಿಗೆ ಪೊಟ್ಯಾಸಿಯಂ ಇರುತ್ತದೆ. ಮೂತ್ರಪಿಂಡದ ತೊಂದರೆ ಇರುವವರಿಗೆ, ಬಿಪಿಯ ಕೆಲವು ಮಾತ್ರೆ ತೆಗೆದುಕೊಳ್ಳುವವರಿಗೆ ಅದು ಅಪಾಯ ತರಬಹುದು. ವೈದ್ಯರನ್ನು ಕೇಳದೆ ಹಾಕಬೇಡಿ.

ದಿನಕ್ಕೆ ಒಬ್ಬರಿಗೆ 5 ಗ್ರಾಂಗಿಂತ ಕಡಿಮೆ ಎಂಬುದು ವಿಶ್ವ ಆರೋಗ್ಯ ಸಂಸ್ಥೆಯ ಮಿತಿ. ನಾಲ್ವರಿಗೆ ಒಂದು ಕಿಲೋ ಪ್ಯಾಕೆಟು ಕನಿಷ್ಠ 50 ದಿನ ಬರಬೇಕು. ಹಪ್ಪಳ, ಉಪ್ಪಿನಕಾಯಿ, ಫರಸಾಣ, ಪಾವ್‌ಗಳಲ್ಲಿ ಇರುವ ಉಪ್ಪು ಈ ಲೆಕ್ಕಕ್ಕೆ ಹೊರಗಿನದು, ಆದ್ದರಿಂದ ಪ್ಯಾಕೆಟು ಇನ್ನೂ ಹೆಚ್ಚು ದಿನ ಬಂದರೇ ಸರಿ.

ಮಳೆಗಾಲದಲ್ಲಿ ಯಾಂತ್ರಿಕ ದೋಣಿಗಳು ಕಡಲಿಗೆ ಇಳಿಯದೆ ತಾಜಾ ಮೀನು ದುಬಾರಿಯಾದಾಗ ಒಣಮೀನಿನ ಚಟ್ನಿ ಹೆಚ್ಚುತ್ತದೆ. ಒಣಮೀನನ್ನು ಬಿಸಿನೀರಿನಲ್ಲಿ ಅರ್ಧ ಗಂಟೆ ನೆನೆಸಿ, ಎರಡು ಸಲ ನೀರು ಬದಲಿಸಿ, ಅಡುಗೆಗೆ ಬೇರೆ ಉಪ್ಪು ಹಾಕಬೇಡಿ. ಆಗಲೂ ಉಪ್ಪು ಪೂರ್ತಿ ಹೋಗುವುದಿಲ್ಲ. ಬಿಪಿ ಇರುವವರು ಅದನ್ನು ಅಪರೂಪಕ್ಕೆ ತಿನ್ನಲಿ.

## ಲೋಕಲ್ ರೈಲಿನ ದಿನಚರಿಗೆ

ಸಂಜೆ ಸ್ಟೇಷನ್ ಹೊರಗೆ ವಡಾಪಾವ್ ತಿನ್ನದಿದ್ದರೆ ಮನೆ ಮುಟ್ಟಲು ಆಗುವುದಿಲ್ಲ. ಬಿಡಲೇಬೇಕಾ?

ಬಿಡಬೇಕಿಲ್ಲ. ಒಂದು ವಡಾಪಾವ್‌ನಲ್ಲಿ ಸುಮಾರು 300 ಕಿಲೋಕ್ಯಾಲರಿ ಇರುತ್ತದೆ, ಗಾತ್ರ ನೋಡಿ ಹೆಚ್ಚುಕಡಿಮೆ. ಮೈದಾ, ಬಟಾಟೆ, ಕರಿದ ಎಣ್ಣೆ ಮೂರೂ ಸೇರಿರುವ ಇದರಲ್ಲಿ ನಾರು ಕಡಿಮೆ, ಹೊಟ್ಟೆ ಬೇಗ ಖಾಲಿ. ಅದಕ್ಕೇ ಎರಡನೆಯದಕ್ಕೆ ಕೈ ಹೋಗುತ್ತದೆ. ಮಧ್ಯಾಹ್ನ ಒಂದು ಗಂಟೆಗೆ ಉಂಡು ರಾತ್ರಿ ಒಂಬತ್ತರವರೆಗೆ ಏನೂ ತಿನ್ನದಿರುವುದೇ ಇದರ ಮೂಲ. ಐದು ಗಂಟೆಗೆ ಒಂದು ಹಿಡಿ ಹುರಿಗಡಲೆ ಅಥವಾ ಶೇಂಗಾ, ಒಂದು ಬಾಳೆಹಣ್ಣು ತಿಂದುಕೊಂಡರೆ ವಡಾಪಾವ್ ಒಂದಕ್ಕೇ ನಿಲ್ಲುತ್ತದೆ, ವಾರಕ್ಕೆ ಎರಡಕ್ಕೂ ಇಳಿಯುತ್ತದೆ.

ಯಾವ ಗಾಡಿ ಎಂಬುದನ್ನು ನೋಡಿ. ಎಣ್ಣೆ ಕಪ್ಪಾಗಿ, ನೊರೆಯೆದ್ದು, ಬೇಗ ಹೊಗೆ ಬರುತ್ತಿದ್ದರೆ ಅದು ಹಲವು ಸಲ ಕಾಯಿಸಿದ್ದು. ಎಣ್ಣೆ ಕೆಟ್ಟಂತೆ ಅದರಲ್ಲಿ ಹುಟ್ಟುವ ಪೋಲಾರ್ ಸಂಯುಕ್ತಗಳು 25% ದಾಟಿದರೆ ಬಳಸುವಂತಿಲ್ಲ ಎಂಬ ನಿಯಮ 2018ರಿಂದ ಇದೆ. ಹಳೆಯದಕ್ಕೆ ಹೊಸ ಎಣ್ಣೆ ಸೇರಿಸುತ್ತ ಹೋದರೆ ಹೊಸದೂ ಬೇಗ ಕೆಡುತ್ತದೆ. ಮನೆಯಲ್ಲೂ ಕರಿದ ಎಣ್ಣೆಯನ್ನು ಸೋಸಿಟ್ಟು ಒಂದೆರಡು ದಿನದೊಳಗೆ ಒಗ್ಗರಣೆಗೆ ಮುಗಿಸಿ, ಮತ್ತೆ ಕರಿಯಲು ಬೇಡ.

ತರಕಾರಿ ರೈಲಿನಲ್ಲೇ ಹೆಚ್ಚಿಟ್ಟುಕೊಳ್ಳುತ್ತೇನೆ. ಅದರಿಂದ ಸತ್ವ ಹೋಗುತ್ತದಾ?

ಸ್ವಲ್ಪ ಹೋಗುತ್ತದೆ. ಸಿ ಜೀವಸತ್ವ ಗಾಳಿ ತಾಗಿದರೂ ಕರಗುತ್ತದೆ, ನೀರಿಗೂ ಇಳಿಯುತ್ತದೆ. ಆದರೆ ಹೆಚ್ಚಿಟ್ಟ ತರಕಾರಿ ಇಲ್ಲದಿದ್ದರೆ ರಾತ್ರಿ ಪಲ್ಯವೇ ಇಲ್ಲ ಎಂದಾದರೆ ಹೆಚ್ಚಿಕೊಳ್ಳುವುದೇ ಸರಿ. ಇದರಲ್ಲಿ ನಮಗೆ ಅನುಮಾನವಿಲ್ಲ.

ನಿಜವಾದ ತಪ್ಪು ತೊಳೆಯುವುದರಲ್ಲಿದೆ. ತೊಳೆಯದೆ ಹೆಚ್ಚಿ, ಮನೆಗೆ ಬಂದು ಚೂರುಗಳನ್ನು ನೀರಲ್ಲಿ ಮುಳುಗಿಸಿಟ್ಟರೆ ಸತ್ವ ನೀರಿನೊಂದಿಗೆ ಮೋರಿಗೆ. ಮುನ್ನಾದಿನವೇ ತೊಳೆದು ಒರೆಸಿದ ತರಕಾರಿಯನ್ನು ಚೀಲದಲ್ಲಿಟ್ಟುಕೊಳ್ಳಿ. ಬಟಾಣಿ, ಅವರೆ ಸುಲಿಯುವುದು, ಸೊಪ್ಪು ಬಿಡಿಸುವುದು ರೈಲಿಗೆ ಹೇಳಿಮಾಡಿಸಿದ ಕೆಲಸ. ಬಿಡಿಸಿದ ಸೊಪ್ಪನ್ನು ಮನೆಯಲ್ಲಿ ಎಲೆ ಇಡಿಯಾಗಿದ್ದಾಗಲೇ ತೊಳೆದು ಆಮೇಲೆ ಹೆಚ್ಚಿ. ಸ್ಟೇಷನ್ ಹೊರಗೆ ಹೆಚ್ಚಿ ಮಾರುವ ಪೊಟ್ಟಣಗಳನ್ನು ತಂದರೆ ಒಮ್ಮೆ ಬೇಗ ತೊಳೆದು ಚೆನ್ನಾಗಿ ಬೇಯಿಸಿ, ಹಸಿ ಕೋಸಂಬರಿಗೆ ಬಳಸಬೇಡಿ.

ಹೋಟೆಲಿನಲ್ಲಿ ಕೆಲಸ. ಮಧ್ಯಾಹ್ನದ ಊಟ ನಾಲ್ಕಕ್ಕೆ, ರಾತ್ರಿಯದ್ದು ಹನ್ನೆರಡಕ್ಕೆ. ಏನು ಮಾಡುವುದು?

ಹೊತ್ತು ನಿಮ್ಮ ಕೈಯಲ್ಲಿಲ್ಲ, ಪಾಲು ನಿಮ್ಮ ಕೈಯಲ್ಲಿದೆ. ದೊಡ್ಡ ಊಟ ನಾಲ್ಕು ಗಂಟೆಯದ್ದಾಗಲಿ. ಸಂಜೆಯ ನೂಕುನುಗ್ಗಲಿಗೆ ಮೊದಲು, ಏಳರ ಸುಮಾರಿಗೆ, ಎರಡು ಇಡ್ಲಿಗೆ ಒಂದು ದೊಡ್ಡ ಬಟ್ಟಲು ಸಾಂಬಾರು. ಹನ್ನೆರಡಕ್ಕೆ ಅರ್ಧ ಊಟ: ಸ್ವಲ್ಪ ಅನ್ನ, ಬೇಳೆ, ಪಲ್ಯ. ಉಂಡ ಕೂಡಲೇ ಮಲಗಿದರೆ ಎದೆಯುರಿ ಬರುತ್ತದೆ, ಅರ್ಧ ಗಂಟೆಯಾದರೂ ಕೂತಿರಿ ಅಥವಾ ಓಡಾಡಿ. ಹಸಿವು ಕೊಲ್ಲಲು ಚಾ ಕುಡಿಯುವುದೇ ಈ ಕೆಲಸದ ದೊಡ್ಡ ಕೆಟ್ಟ ಅಭ್ಯಾಸ. ಒಲೆಯ ಮುಂದೆ ನಿಲ್ಲುವವರು ಬೆವರಿಗೆ ತಕ್ಕಂತೆ ನೀರು, ಮಜ್ಜಿಗೆ ಕುಡಿಯಬೇಕು.

ಸಂಕಷ್ಟಿಗೆ ಉಪವಾಸ, ಸಾಬುದಾಣಿ ಖಿಚಡಿ ಮಾತ್ರ. ಹೊಟ್ಟೆಗೆ ಹಗುರವಲ್ಲವೇ?

ಸಾಬುದಾಣಿ ಮರಗೆಣಸಿನ ಶುದ್ಧ ಪಿಷ್ಟ. 100 ಗ್ರಾಂಗೆ ಸುಮಾರು 350 ಕಿಲೋಕ್ಯಾಲರಿ, ಪ್ರೋಟೀನು ಒಂದು ಗ್ರಾಂ ಕೂಡ ಇಲ್ಲ. ಅದಕ್ಕೆ ತುಪ್ಪ, ಬಟಾಟೆ ಸೇರಿದರೆ ಹಗುರ ಎನ್ನುವಂತಿಲ್ಲ. ಶೇಂಗಾ ಪುಡಿ ಹಾಕುವ ಮಹಾರಾಷ್ಟ್ರದ ರೂಢಿ ಜಾಣತನದ್ದು. ಬಟಾಟೆ ಕಡಿಮೆ ಮಾಡಿ, ಶೇಂಗಾ ಉಳಿಸಿ, ಜೊತೆಗೆ ಮೊಸರು ಇಡಿ. ಸಕ್ಕರೆಕಾಯಿಲೆಗೆ ಮಾತ್ರೆ, ಇನ್ಸುಲಿನ್ ತೆಗೆದುಕೊಳ್ಳುವವರು ಉಪವಾಸದ ಹಿಂದಿನ ವಾರವೇ ವೈದ್ಯರನ್ನು ಕೇಳಬೇಕು. ಊಟ ಬಿಟ್ಟು ಮಾತ್ರೆ ನುಂಗಿದರೆ ಸಕ್ಕರೆ ದಿಢೀರನೆ ಇಳಿಯಬಹುದು.

## ಅಂಗಡಿಯ ಪ್ಯಾಕೆಟು

ಲೇಬಲ್ ಓದಿ ಓದಿ ಅಂತೀರಿ. ಅದರಲ್ಲಿ ಏನು ನೋಡಬೇಕು?

ಮುಂಭಾಗ ಬಿಡಿ, ಹಿಂಭಾಗ ತಿರುಗಿಸಿ. ಪದಾರ್ಥಗಳ ಪಟ್ಟಿಯಲ್ಲಿ ತೂಕ ಹೆಚ್ಚಿರುವುದು ಮೊದಲು ಬರಬೇಕೆಂಬ ನಿಯಮವಿದೆ. ‘ಮಲ್ಟಿಗ್ರೇನ್’ ಬ್ರೆಡ್ಡಿನ ಪಟ್ಟಿ ಮೈದಾದಿಂದ ಶುರುವಾಗಿ ರಾಗಿ, ಜೋಳ ಕೊನೆಯಲ್ಲಿ ಎರಡೆರಡು ಶೇಕಡಾ ಇದ್ದರೆ ಅದು ಮೈದಾ ಬ್ರೆಡ್ಡೇ. ಸಕ್ಕರೆಗೆ ಬೇರೆ ಹೆಸರುಗಳೂ ಇವೆ: ಲಿಕ್ವಿಡ್ ಗ್ಲೂಕೋಸ್, ಇನ್ವರ್ಟ್ ಸಿರಪ್, ಡೆಕ್ಸ್‌ಟ್ರೋಸ್. ಸಕ್ಕರೆಯೆಂದು ಕರೆಯದಿದ್ದರೂ ಅದರಷ್ಟೇ ಬೇಗ ಏರುವ ಪಿಷ್ಟ ಮಾಲ್ಟೋಡೆಕ್ಸ್‌ಟ್ರಿನ್. ಮೂರು ನಾಲ್ಕು ಹೆಸರಲ್ಲಿ ಹಂಚಿದರೆ ಪ್ರತಿಯೊಂದೂ ಪಟ್ಟಿಯ ಕೆಳಗೆ ಹೋಗುತ್ತದೆ, ಕೂಡಿದರೆ ಮೇಲೆ ಬರುತ್ತದೆ.

ಉಪ್ಪು ಎಷ್ಟೆಂದು ಹೆಚ್ಚಿನ ಪ್ಯಾಕೆಟುಗಳಲ್ಲಿ ಇರುವುದಿಲ್ಲ, ಸೋಡಿಯಂ ಇರುತ್ತದೆ. ಅದನ್ನು ಎರಡೂವರೆಯಿಂದ ಗುಣಿಸಿ. 800 ಮಿಲಿಗ್ರಾಂ ಸೋಡಿಯಂ ಎಂದರೆ 2 ಗ್ರಾಂ ಉಪ್ಪು. ‘ಒಂದು ಸರ್ವಿಂಗ್’ ಎಂಬ ಅಂಕಣದಲ್ಲೇ ಹೆಚ್ಚು ಜನ ಮೋಸಹೋಗುವುದು. 150 ಗ್ರಾಂ ಚಿಪ್ಸ್ ಪ್ಯಾಕೆಟಿನಲ್ಲಿ ಸರ್ವಿಂಗ್ 30 ಗ್ರಾಂ ಎಂದಿದ್ದರೆ, ಒಂದೇ ಸಲ ಕೂತು ಮುಗಿಸುವವರು ಆ ಅಂಕಿಯನ್ನು ಐದರಿಂದ ಗುಣಿಸಬೇಕು.

ಮಗಳು ಉದ್ದ ಆಗಲಿ ಅಂತ ಹಾಲಿಗೆ ಹೆಲ್ತ್ ಡ್ರಿಂಕ್ ಪುಡಿ ಹಾಕುತ್ತೇವೆ. ಹಾಕಬಹುದಾ?

‘ಹೆಲ್ತ್ ಡ್ರಿಂಕ್’ ಎಂಬ ವರ್ಗವೇ ನಮ್ಮ ಆಹಾರ ಸುರಕ್ಷತಾ ಕಾಯ್ದೆಯಲ್ಲಿ ಇಲ್ಲ. ಇಂಥ ಪೇಯಗಳನ್ನು ಆ ಹೆಸರಲ್ಲಿ ಮಾರಬಾರದೆಂದು 2024ರಲ್ಲಿ ಆನ್‌ಲೈನ್ ಮಾರಾಟಗಾರರಿಗೆ ಸೂಚನೆಯೂ ಹೋಯಿತು. ಪ್ರೋಟೀನು, ಕ್ಯಾಲ್ಸಿಯಂ ಬರುವುದು ಬಹುಮಟ್ಟಿಗೆ ಆ ಹಾಲಿನಿಂದ. ಪುಡಿಯಲ್ಲಿ ಸಕ್ಕರೆ ಎಷ್ಟಿದೆ ನೋಡಿ, ಅಷ್ಟು ಚಮಚ ಸಕ್ಕರೆಯನ್ನು ಹಾಲಿಗೆ ಕೈಯಾರೆ ಹಾಕುತ್ತಿದ್ದಿರಾ ಎಂದು ಕೇಳಿಕೊಳ್ಳಿ. ರಾಗಿ ಹಿಟ್ಟಿನ ಅಂಬಲಿಗೆ ಹಾಲು ಬೆರೆಸಿ ಕೊಡಿ. 100 ಗ್ರಾಂ ರಾಗಿಯಲ್ಲಿ 340 ಮಿಲಿಗ್ರಾಂಗಿಂತ ಹೆಚ್ಚು ಕ್ಯಾಲ್ಸಿಯಂ ಇದೆ.

## ಕೊರತೆ, ಕಾಯಿಲೆ

ಸಸ್ಯಾಹಾರಿಗಳಿಗೆ ಪ್ರೋಟೀನ್ ಸಾಲುವುದಿಲ್ಲವಂತೆ. ಪೌಡರ್ ತೆಗೆದುಕೊಳ್ಳಬೇಕಾ?

ಆರೋಗ್ಯವಂತರಿಗೆ ದೇಹತೂಕದ ಒಂದು ಕಿಲೋಗೆ 0.83 ಗ್ರಾಂ. 60 ಕಿಲೋ ತೂಕದವರಿಗೆ 50 ಗ್ರಾಂ. 250 ಗ್ರಾಂ ಧಾನ್ಯದಿಂದ ಸುಮಾರು 22, 85 ಗ್ರಾಂ ಬೇಳೆಕಾಳಿನಿಂದ 19, ಹಾಲು ಮೊಸರಿನಿಂದ 10, ಒಂದು ಹಿಡಿ ಶೇಂಗಾದಿಂದ 7. ಕೂಡಿದರೆ 58. ಪೌಡರ್ ಬೇಕಾಗಲಿಲ್ಲ.

ಸಾಲದೆ ಹೋಗುವುದು ಸಾರಿನಿಂದ. ನಾಲ್ವರಿಗೆ ಎರಡು ಹಿಡಿ ತೊಗರಿಬೇಳೆ ಬೇಯಿಸಿ, ಕಟ್ಟು ಬಸಿದು ತಿಳಿಸಾರು ಮಾಡಿದರೆ ಒಬ್ಬರಿಗೆ ಎರಡು ಮೂರು ಗ್ರಾಂ ಸಿಕ್ಕರೆ ಹೆಚ್ಚು. ಬೇಳೆ ಗಟ್ಟಿಯಾಗಿರಲಿ. ಜೊತೆಗೆ ಹುರುಳಿ ಬಸ್ಸಾರು, ಮೊಳಕೆ ಹೆಸರುಕಾಳಿನ ಉಸಳಿ, ಹೆಸರುಬೇಳೆ ಕೋಸಂಬರಿ, ಝುಣಕ ಹೀಗೆ ದಿನಕ್ಕೊಂದು ಬೇಳೆಕಾಳಿನ ಅಡುಗೆ ಸೇರಲಿ. ಧಾನ್ಯದಲ್ಲಿ ಕಡಿಮೆಯಿರುವ ಲೈಸಿನ್ ಎಂಬ ಅಮೈನೋ ಆಮ್ಲ ಬೇಳೆಯಲ್ಲಿ ಹೆಚ್ಚು, ಬೇಳೆಯಲ್ಲಿ ಕಡಿಮೆಯಿರುವ ಮಿಥಿಯೋನಿನ್ ಧಾನ್ಯದಲ್ಲಿ ಸಿಗುತ್ತದೆ. ಅನ್ನ ಹುಳಿ, ಜೋಳದ ರೊಟ್ಟಿ ಕಾಳುಪಲ್ಯ ಜೋಡಿಗಳು ಅದಕ್ಕೇ ಗಟ್ಟಿ. ಮೀನು ತಿನ್ನುವವರಿಗೆ ದುಬಾರಿ ಪಾಪ್ಲೆಟ್ಟೇ ಬೇಕೆಂದಿಲ್ಲ. ಬಂಗುಡೆ, ಬೂತಾಯಿಯಲ್ಲಿ ಒಮೆಗಾ-3 ಕೊಬ್ಬು ಚೆನ್ನಾಗಿದೆ. ಕರಿಯುವುದಕ್ಕಿಂತ ಪುಳಿಮುಂಚಿ ಮಾಡಿ.

ಪಾಲಕ್ ತಿಂದರೂ ಹಿಮೋಗ್ಲೋಬಿನ್ ಏರುವುದಿಲ್ಲ. ಯಾಕೆ?

ತಿಂದದ್ದು ಮತ್ತು ರಕ್ತಕ್ಕೆ ಸೇರಿದ್ದು ಒಂದೇ ಅಲ್ಲ. ಸೊಪ್ಪಿನ ಕಬ್ಬಿಣದಲ್ಲಿ ಸ್ವಲ್ಪ ಭಾಗವಷ್ಟೇ ಹೀರಲ್ಪಡುತ್ತದೆ, ಪಾಲಕ್‌ನಲ್ಲೇ ಇರುವ ಬೇರೆ ಕೆಲವು ಅಂಶಗಳು ಅದಕ್ಕೂ ಅಡ್ಡ ಬರುತ್ತವೆ. ಊಟದ ಬೆನ್ನಿಗೇ ಕುಡಿಯುವ ಚಾ, ಕಾಫಿ ಇನ್ನಷ್ಟು ತಡೆಯುತ್ತದೆ. ಹಾಗಾಗಿ ಚಾಕ್ಕೂ ಊಟಕ್ಕೂ ಒಂದು ಗಂಟೆ ಅಂತರವಿರಲಿ. ಸಿ ಜೀವಸತ್ವ ಕಬ್ಬಿಣ ಹೀರಲು ನೆರವಾಗುತ್ತದೆ: ಬೇಯಿಸಿ ಇಳಿಸಿದ ಮೇಲೆ ನಿಂಬೆ ಹಿಂಡಿ, ಊಟದ ಜೊತೆ ನೆಲ್ಲಿಕಾಯಿ ಅಥವಾ ಪೇರಳೆ ಹಣ್ಣಿನ ಎರಡು ಹೋಳು ತಿನ್ನಿ. ಹರಿವೆ, ನುಗ್ಗೆ ಸೊಪ್ಪುಗಳನ್ನೂ ಸರದಿಯಲ್ಲಿ ಮಾಡಿ. ಹುಣಸೆಹುಳಿ ಹಾಕುವ ಸಾರನ್ನು ಕಬ್ಬಿಣದ ಬಾಣಲೆಯಲ್ಲಿ ಕುದಿಸಿ ಬೇರೆ ಪಾತ್ರೆಗೆ ಸುರಿದಿಡಿ.

2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ 15ರಿಂದ 49 ವಯಸ್ಸಿನ ಹೆಂಗಸರಲ್ಲಿ 57% ಮಂದಿಗೆ ರಕ್ತಹೀನತೆ ಕಂಡುಬಂದಿತ್ತು. ಪರೀಕ್ಷೆಯಲ್ಲಿ ಹಿಮೋಗ್ಲೋಬಿನ್ ಕಡಿಮೆ ಬಂದರೆ ಊಟದಿಂದಲೇ ಸರಿಮಾಡುತ್ತೇನೆಂದು ಕೂರಬೇಡಿ, ಮಾತ್ರೆ ಬೇಕಾಗುತ್ತದೆ. ತಿಂಗಳ ಸ್ರಾವ ಹೆಚ್ಚಿದೆಯೇ, ಬಿ12 ಕೊರತೆ ಇದೆಯೇ ಎಂಬುದನ್ನೂ ನೋಡಬೇಕು. ಬಿ12 ಸೊಪ್ಪು ತರಕಾರಿಯಲ್ಲಿ ಸಿಗುವುದೇ ಇಲ್ಲ. ಹಾಲು, ಮೊಟ್ಟೆ, ಮೀನು, ಮಾಂಸದಲ್ಲಷ್ಟೇ ಇದೆ.

ಶುಗರ್ ಇದೆ. ಹಾಪುಸ್ ಸೀಸನ್ ಬಂತು. ಒಂದಾದರೂ ತಿನ್ನಬಹುದಾ?

ಸಕ್ಕರೆ ಹತೋಟಿಯಲ್ಲಿದ್ದರೆ ಅರ್ಧ ಮಾವಿನಹಣ್ಣು ತಿನ್ನಬಹುದು. ಆದರೆ ಅದು ಊಟದ ಮೇಲಿನದ್ದಲ್ಲ, ಊಟದಲ್ಲಿನ ಒಂದು ಚಪಾತಿಯ ಬದಲಿಗೆ. ರಸ ತೆಗೆಯಬೇಡಿ. ಆಮ್ರಸ್ ಬಟ್ಟಲಲ್ಲಿ ಎರಡು ಹಣ್ಣು ಸುಲಭವಾಗಿ ಇಳಿಯುತ್ತದೆ, ಮೇಲೆ ಪೂರಿ ಬೇರೆ. ಊಟಕ್ಕೆ ಕೂತಾಗ ಮೊದಲು ಕೋಸಂಬರಿ, ಪಲ್ಯ, ಆಮೇಲೆ ಬೇಳೆ, ಕೊನೆಗೆ ಅನ್ನ ಎಂಬ ಕ್ರಮದಲ್ಲಿ ತಿಂದರೆ ಊಟದ ನಂತರದ ಏರಿಕೆ ಕಡಿಮೆಯಾಗುತ್ತದೆ. ಉಂಡು ಹತ್ತು ಹದಿನೈದು ನಿಮಿಷ ನಡೆದರೆ ಇನ್ನೂ ಒಳ್ಳೆಯದು. ರಾಗಿ ಗಂಜಿ ಶುಗರಿಗೆ ಔಷಧಿ ಎಂಬ ಮಾತೂ ಓಡಾಡುತ್ತದೆ. ನುಣ್ಣಗೆ ಬೀಸಿ ತೆಳ್ಳಗೆ ಕುದಿಸಿದ ಗಂಜಿ ಬೇಗ ಜೀರ್ಣವಾಗಿ ಸಕ್ಕರೆಯನ್ನು ಬೇಗ ಏರಿಸುತ್ತದೆ. ಎರಡು ಗಂಟೆಯ ನಂತರ ನಿಮ್ಮ ಯಂತ್ರದಲ್ಲಿ ನೋಡಿಕೊಂಡರೆ ನಿಮ್ಮ ದೇಹದ ಉತ್ತರ ನಿಮಗೇ ಸಿಗುತ್ತದೆ.

ತೂಕ ಸರಿಯಿದೆ, ಹೊಟ್ಟೆ ಮಾತ್ರ ಬಂದಿದೆ. ಚಿಂತೆ ಮಾಡಬೇಕಾ?

ಮಾಡಬೇಕು. ಹೊಕ್ಕುಳ ಮಟ್ಟದಲ್ಲಿ, ಉಸಿರು ಬಿಟ್ಟು, ಟೇಪು ಬಿಗಿಯದೆ ಅಳೆಯಿರಿ. ಗಂಡಸರಿಗೆ 90, ಹೆಂಗಸರಿಗೆ 80 ಸೆಂಟಿಮೀಟರು ದಾಟಿದರೆ ಸಕ್ಕರೆ, ಬಿಪಿ, ಕೊಲೆಸ್ಟ್ರಾಲ್ ಪರೀಕ್ಷೆ ಮಾಡಿಸಿ. ಭಾರತೀಯರಿಗೆ ಬಿಎಂಐ (ಕಿಲೋ ತೂಕವನ್ನು ಮೀಟರಿನ ಎತ್ತರದಿಂದ ಎರಡು ಸಲ ಭಾಗಿಸಿದ ಅಂಕಿ) 23ರಿಂದಲೇ ಹೆಚ್ಚು ತೂಕ ಎಂಬ ಲೆಕ್ಕ. 160 ಸೆಂಟಿಮೀಟರು ಎತ್ತರದವರಿಗೆ ಅದು ಸುಮಾರು 59 ಕಿಲೋ.

## ಸುದ್ದಿಯನ್ನು ತೂಗುವುದು

ಇವತ್ತು ಮೊಟ್ಟೆ ಒಳ್ಳೆಯದು ಅಂತಾರೆ, ನಾಳೆ ಕೆಟ್ಟದ್ದು ಅಂತಾರೆ. ಯಾರನ್ನು ನಂಬುವುದು?

ಮೊಟ್ಟೆಯ ಮಾತು ಬದಲಾದದ್ದು ನಿಜ. ದಿನಕ್ಕೆ 300 ಮಿಲಿಗ್ರಾಂ ಕೊಲೆಸ್ಟ್ರಾಲ್ ಎಂಬ ಮಿತಿಯನ್ನು ಅಮೆರಿಕದ ಆಹಾರ ಮಾರ್ಗಸೂಚಿ 2015ರ ಆವೃತ್ತಿಯಲ್ಲಿ ಕೈಬಿಟ್ಟಿತು. ಹೆಚ್ಚಿನವರಲ್ಲಿ ರಕ್ತದ ಕೊಲೆಸ್ಟ್ರಾಲನ್ನು ಊಟದ ಕೊಲೆಸ್ಟ್ರಾಲಿಗಿಂತ ಸ್ಯಾಚುರೇಟೆಡ್ ಕೊಬ್ಬು ಹೆಚ್ಚು ಏರಿಸುತ್ತದೆಂದು ಗೊತ್ತಾದದ್ದೇ ಕಾರಣ. ಹೊಸ ಪುರಾವೆಗೆ ತಕ್ಕಂತೆ ಮಾತು ಬದಲಿಸುವುದು ವಿಜ್ಞಾನದ ರೀತಿ, ಅದನ್ನು ಗೊಂದಲವೆಂದು ತಳ್ಳಬಾರದು.

ವಾಟ್ಸಾಪಿನಲ್ಲಿ ಬಂದ ಸುದ್ದಿಗೆ ಕೆಲವು ಪ್ರಶ್ನೆ ಹಾಕಿ. ಪ್ರಯೋಗ ಇಲಿಯ ಮೇಲೋ ಮನುಷ್ಯರ ಮೇಲೋ? ಇಂಥದ್ದನ್ನು ತಿಂದವರು ಹೀಗಿದ್ದರು ಎಂದು ನೋಡಿದ್ದಷ್ಟೇನಾ, ಅಥವಾ ಎರಡು ಗುಂಪು ಮಾಡಿ ಹೋಲಿಸಿದ್ದಾ? ಬಾದಾಮಿ ತಿನ್ನುವವರಿಗೆ ಆರೋಗ್ಯ ಚೆನ್ನಾಗಿದ್ದರೆ ಅದು ಬಾದಾಮಿಯಿಂದಲೋ, ಬಾದಾಮಿ ಕೊಳ್ಳುವಷ್ಟು ಅನುಕೂಲ ಇರುವುದರಿಂದಲೋ ಎಂದು ಬರೀ ನೋಡಿದ್ದರಿಂದ ತಿಳಿಯುವುದಿಲ್ಲ. ಕೊನೆಯಲ್ಲಿ ಯಾವುದಾದರೂ ಪುಡಿ, ಮಾತ್ರೆ ಮಾರುವ ಕೊಂಡಿ ಇದೆಯಾ?

ಇನ್ನು ಶೇಕಡಾವಾರು. 10,000 ಜನರಲ್ಲಿ ಇಬ್ಬರಿಗೆ ಬರುತ್ತಿದ್ದ ಕಾಯಿಲೆ ಮೂವರಿಗೆ ಬಂದರೂ ‘50% ಹೆಚ್ಚಳ’ ಎಂದೇ ಶೀರ್ಷಿಕೆ ಬರುತ್ತದೆ. ಸಂಸ್ಕರಿಸಿದ ಮಾಂಸವನ್ನು ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2015ರಲ್ಲಿ ತಂಬಾಕು ಇರುವ ಗುಂಪಿಗೇ ಸೇರಿಸಿದಾಗ, ಸಾಸೇಜು ಸಿಗರೇಟಿನಷ್ಟೇ ಅಪಾಯ ಎಂದು ಬಹಳ ಮಂದಿ ಓದಿಕೊಂಡರು. ಕ್ಯಾನ್ಸರಿಗೆ ಕಾರಣವಾಗುತ್ತದೆ ಎನ್ನಲು ಪುರಾವೆ ಎಷ್ಟು ಗಟ್ಟಿ ಎಂಬುದನ್ನಷ್ಟೇ ಆ ಗುಂಪು ಹೇಳುತ್ತದೆ. ಅಪಾಯ ಎಷ್ಟು ದೊಡ್ಡದು ಎಂಬುದಕ್ಕೆ ಬೇರೆ ಅಂಕಿ ನೋಡಬೇಕು: ದಿನವೂ 50 ಗ್ರಾಂ ತಿಂದರೆ ದೊಡ್ಡ ಕರುಳಿನ ಕ್ಯಾನ್ಸರಿನ ಸಂಭವ ಸುಮಾರು 18% ಏರುತ್ತದೆ. ಸಿಗರೇಟು ಶ್ವಾಸಕೋಶದ ಕ್ಯಾನ್ಸರಿನ ಸಂಭವವನ್ನು ಹಲವು ಪಟ್ಟು ಏರಿಸುತ್ತದೆ.